ಬೆಳವದಿನ್ನಿ ಎಂಬ ಇಲ್ಲದ ಊರು

ಸಿದ್ದರಾಮ ವಾಪಸು ಬಂದಿದ್ದಾನೆಂಬ ಸುದ್ದಿ ಮುಟ್ಟಿದಾಗ ನಾಗವೇಣಿ ಸಿಂಧನೂರಿನ ಫೋಟೋ ಸ್ಟುಡಿಯೋದ ಹಿಂದಿನ ಕೋಣೆಯಲ್ಲಿ ಕೂತು ಯಾರದೋ ಮದುವೆಯ ವಿಡಿಯೋಕ್ಕೆ ಹಾಡು ಜೋಡಿಸುತ್ತಿದ್ದಳು. ಸುದ್ದಿ ತಂದವಳು ಜವಳಗೇರಾದ ಹಾಜಿರಾಬೀ. ಸಂತೆಯ ಚೀಲವನ್ನು ಕಾಲಬುಡಕ್ಕೆ ಇಟ್ಟುಕೊಂಡು, ಕುರ್ಚಿ ಬೇಡವೆಂದು ನೆಲದ ಮೇಲೇ ಕೂತಳು.

"ನಿಮ್ಮವ್ವನ್ನ ಬಜಾರಿಗೆ ತಂದವ ಬಂದಾನ ನೋಡವ್ವಾ. ಲಿಂಗಸುಗೂರಾಗ ಹಳೇ ಅರಳಿ ಜಿನ್ ಹಿಡದಾನಂತ, ಅಲ್ಲಿ ಏನೋ ದೊಡ್ಡ ಪ್ರದರ್ಶನ ಮಾಡ್ತಾನಂತ. ನಿನ್ನಿ ನಮ್ಮ ಓಣ್ಯಾಗ ಕ್ಯಾಮೆರಾ ಹಾಕ್ಕೊಂಡು ಅಡ್ಡಾಡಿದ. ಒಬ್ಬರೂ ಮಾತಾಡ್ಸಿಲ್ಲ."

ನಾಗವೇಣಿ ಹಾಡು ನಿಲ್ಲಿಸಿದಳು. ಪರದೆಯ ಮೇಲೆ ಮದುಮಗಳ ಮುಖ ನಿಂತುಹೋಯಿತು. ಆಮೇಲೆ ಹೇಳಿದಳು: "ಮಾತಾಡ್ಸ್ರಿ ಖಾಲಾ. ಇನ್ನ ಮ್ಯಾಲೆ ಎಲ್ಲಾರೂ ಮಾತಾಡ್ಸ್ರಿ. ಅವ ಕೇಳಿದ್ದಕ್ಕಿಂತ ಹೆಚ್ಚು ಮಾತಾಡ್ಸ್ರಿ."

ಸಿದ್ದರಾಮ ಲಿಂಗಸುಗೂರಿನವನು. ಸಿಂಧನೂರಿನ ಕಾಲೇಜಿನಲ್ಲಿ ನಾಗವೇಣಿಯ ಜೊತೆ ಓದಿದವನು. ಬಸ್ಸು ತಪ್ಪಿದ ದಿನಗಳಲ್ಲಿ ಜವಳಗೇರಾದ ಅವಳ ಮನೆಯಲ್ಲಿ ಉಂಡವನು; ಅವಳ ತಾಯಿ ಆದೆಮ್ಮನನ್ನು ಚಿಗವ್ವಾ ಎಂದು ಕರೆದವನು. ಮುಂದೆ ಹೊರರಾಜ್ಯಕ್ಕೆ ಹೋಗಿ ಕಲೆ ಓದಿದ. ಅವನು ಮಾಡುವ ಸಿನಿಮಾಗಳು ಟಾಕೀಸಿನಲ್ಲಿ ಓಡುವಂಥವಲ್ಲ. ಖಾಲಿ ಗೋದಾಮಿನಲ್ಲೋ ಹಾಳು ಬಂಗಲೆಯಲ್ಲೋ ಬಟ್ಟೆ ಇಳಿಬಿಟ್ಟು, ಅದರ ಮೇಲೆ ಚಿತ್ರ ಬಿಟ್ಟು, ಮೂಲೆಮೂಲೆಯಿಂದ ಜನರ ದನಿ ಕೇಳಿಸುತ್ತಿದ್ದ. ಊರು ತನ್ನ ನೆನಪನ್ನು ಎಲ್ಲಿ ಬಚ್ಚಿಡುತ್ತದೆ ಎಂಬುದೇ ನನ್ನ ಹುಡುಕಾಟ ಎಂದು ಪತ್ರಿಕೆಗಳಲ್ಲಿ ಹೇಳಿಕೊಳ್ಳುತ್ತಿದ್ದ.

ಕೆಲವು ವರ್ಷಗಳ ಹಿಂದೆ ಅವನು ಭತ್ತ ಹಚ್ಚುವ ಹೆಂಗಸರನ್ನು ಚಿತ್ರಿಸಲು ಬಂದಾಗ ಆದೆಮ್ಮ ನಾಟಿಯ ಇಡೀ ಹಂಗಾಮು ಅವನಿಗೆ ರೊಟ್ಟಿ ಬಡಿದುಕೊಟ್ಟಳು. ನಾಟಿಯ ಗುಂಪಿಗೆ ಆಕೆಯೇ ಮುಂದಾಳು. ಒಂದು ಸಂಜೆ ಕಟ್ಟೆಯ ಮೇಲೆ ಕೂತಿದ್ದಾಗ, ಅವನು ಮಗನಂತೆ ಕೇಳಿದನೆಂದೋ ಏನೋ, ಯಾರಿಗೂ ಹೇಳದ ಒಂದು ಮಾತು ಅವಳ ಬಾಯಿಗೆ ಬಂತು. ಹೇಳುವ ಮುಂಚೆ ಕ್ಯಾಮೆರಾದ ಕಡೆ ಕೈ ತೋರಿಸಿ, "ಅದನ್ನ ಬಂದ್ ಮಾಡು ತಮ್ಮಾ, ಇದು ಬರೇ ನಿನ್ನ ಮುಂದ ಹೇಳಾಕತ್ತೀನಿ" ಎಂದಳು. ಅವನು ಏನನ್ನೋ ಒತ್ತಿ ಕ್ಯಾಮೆರಾವನ್ನು ತೊಡೆಯ ಮೇಲೆ ಇಳಿಸಿಕೊಂಡ. ಒಳಗೆ ರೊಟ್ಟಿಯ ಹಿಟ್ಟು ನಾದುತ್ತಿದ್ದ ನಾಗವೇಣಿ ತಾಯಿಯ ಆ ಮಾತನ್ನೂ ಕೇಳಿದಳು, ಆಮೇಲಿನ ಮಾತನ್ನೂ ಕೇಳಿದಳು. ಅವಳೂ ಆ ಗುಟ್ಟನ್ನು ಕೇಳಿದ್ದು ಅದೇ ಮೊದಲು.

ಮದುವೆಗೆ ಮೊದಲು, ಬಂಗಾಲಿ ನಿರಾಶ್ರಿತರು ನೆಲೆಸಿದ್ದ ಆರ್.ಎಚ್. ಕ್ಯಾಂಪಿನ ಗದ್ದೆಗಳಿಗೆ ಕೂಲಿಗೆ ಹೋಗುತ್ತಿದ್ದ ಕಾಲದಲ್ಲಿ, ಆದೆಮ್ಮನಿಗೆ ಅಲ್ಲಿನ ಒಬ್ಬ ಹುಡುಗನಿಂದ ಗಂಡುಕೂಸು ಹುಟ್ಟಿತ್ತು. ಕೂಸನ್ನು ಕ್ಯಾಂಪಿನ ಮಕ್ಕಳಿಲ್ಲದ ದಂಪತಿಗೆ ಒಪ್ಪಿಸಿ ಬಂದಿದ್ದಳು. ಅವರು ಕೂಸಿಗೆ ಇಟ್ಟ ಹೆಸರು ಸುಬಲ. ಬೆಳೆದು ದೊಡ್ಡವನಾದ ಅವನು ಗದ್ದೆಯ ಬದುವಿನ ಮೇಲೆ ಬೈಕ್ ಓಡಿಸಿಕೊಂಡು ಹೋಗುವುದನ್ನು ಆದೆಮ್ಮ ಬಗ್ಗಿಕೊಂಡೇ ನೋಡುತ್ತಿದ್ದಳು. ಅವನಿಗೆ ಏನೂ ಗೊತ್ತಿರಲಿಲ್ಲ.

ಆ ಮಾತುಗಳು ಕಡಲ ತೀರದ ಒಂದು ಶಹರದ ದೊಡ್ಡ ಪ್ರದರ್ಶನದಲ್ಲಿ ಬಂದವು. ಸಿದ್ದರಾಮ ಅಲ್ಲಿ ಒಂದು ಸಭಾಂಗಣದ ತುಂಬ ಕೆಸರು ಹಾಕಿಸಿದ್ದ. ಬಂದವರು ಚಪ್ಪಲಿ ಬಿಟ್ಟು ಕೆಸರಿನಲ್ಲಿ ನಿಂತು, ಕೆಳಗಿನಿಂದ ಕಾಣುವ ಆದೆಮ್ಮನ ಗದ್ದ, ಕಣ್ಣು, ನಡುಗುವ ತುಟಿ ನೋಡುತ್ತ ಅವಳ ಕತೆ ಕೇಳಿದರು. ಕೆಲವರು ಅತ್ತರಂತೆ. ಅವನಿಗೆ ಪ್ರಶಸ್ತಿ ಬಂತು. ಯಾರೋ ಮೊಬೈಲಿನಲ್ಲಿ ಹಿಡಿದುಕೊಂಡದ್ದು ಕೈಯಿಂದ ಕೈಗೆ ದಾಟಿ, ಆ ಬೇಸಿಗೆಯಲ್ಲೇ ಸಿಂಧನೂರಿನ ಚಹಾದಂಗಡಿಗಳನ್ನು ಮುಟ್ಟಿತು.

ನಾಗವೇಣಿಯ ಅಪ್ಪ ಬಾಲಪ್ಪ ಹೆಂಡತಿಯನ್ನು ಬಡಿಯಲಿಲ್ಲ, ಬೈಯಲಿಲ್ಲ. ತನ್ನ ತಾಟು, ತಂಬಿಗೆ ಬೇರೆ ಇಟ್ಟುಕೊಂಡ, ಅಷ್ಟೆ. ಗದ್ದೆಗಳ ಯಜಮಾನರು ನಾಟಿಗೆ ಬೇರೆ ಗುಂಪನ್ನು ಕರೆದರು. ಒಂದು ಮುಂಜಾನೆ ಸುಬಲ ಬೈಕಿನಲ್ಲಿ ಬಂದು, ಕೆಳಗಿಳಿಯದೆ ಬಾಗಿಲ ಮುಂದೆ ನಿಂತ. "ನಮ್ಮವ್ವ ಊಟ ಬಿಟ್ಟಾಳ. ನೀವು ನಮ್ಮ ಕ್ಯಾಂಪಿನ ಕಡಿ ಬರಬ್ಯಾಡ್ರಿ" ಎಂದು ಹೇಳಿ ಹೋದ. ಮಗ ತಾಯಿಗೆ ಹೇಳಿದ ಮೊದಲ ಮಾತು ಅದು. ಮರುದಿನ ಆದೆಮ್ಮ ಮಸ್ಕಿಯಲ್ಲಿದ್ದ ತಂಗಿಯ ಮನೆಗೆ ಹೋದಳು. ಆ ಮನೆಯ ಹಿತ್ತಲು ಬಿಟ್ಟು ಹೊರಗೆ ಬರುವುದನ್ನೇ ಬಿಟ್ಟಳು.

ಆಗ ನಾಗವೇಣಿ ಸಿದ್ದರಾಮನಿಗೆ ಫೋನ್ ಮಾಡಿದ್ದಳು. ಅವನು ಸಮಾಧಾನದ ದನಿಯಲ್ಲಿ ಹೇಳಿದ್ದ: "ನಾಗೀ, ಅದು ಚಿಗವ್ವನ ಒಬ್ಬಾಕೀ ಕತಿ ಅಲ್ಲ, ಈ ನೆಲದ ಕತಿ. ನಿನಗ ಮುಂದ ತಿಳೀತೈತಿ." ಅವಳು ಫೋನ್ ಇಟ್ಟಳು. ಆ ವಾಕ್ಯವನ್ನು ಮಾತ್ರ ಎದೆಯಲ್ಲಿಟ್ಟುಕೊಂಡು ಕಾದಳು.

ಈಗ ಅವಳೇ ಲಿಂಗಸುಗೂರಿನ ಬಸ್ಸು ಹತ್ತಿದಳು. ಹತ್ತಿ ಬಿಡಿಸುತ್ತಿದ್ದ ಹಳೆಯ ಜಿನ್ನಿನ ತಗಡಿನ ಛಾವಣಿಯ ಕೆಳಗೆ ಸಿದ್ದರಾಮ ಒಬ್ಬನೇ ನಿಂತು ಗೋಡೆ ಅಳೆಯುತ್ತಿದ್ದ. ಅವಳನ್ನು ಕಂಡು ಮೊದಲು ಹೆದರಿದ, ಆಮೇಲೆ ಕಣ್ಣು ತುಂಬಿಕೊಂಡ.

"ನೀ ಬರ್ತಿ ಅಂತ ಅನ್ಕೊಂಡಿರಲಿಲ್ಲ ನಾಗೀ."

"ಸಿಟ್ಟು ಎಷ್ಟು ದಿನ ಇಟ್ಕೊಳ್ಳೋದು? ನಿನಗ ಮಂದಿ ಬೇಕು, ನನಗ ಕೆಲಸ ಬೇಕು. ಪ್ರೊಜೆಕ್ಟರ್, ಎಡಿಟಿಂಗ್ ಎಲ್ಲಾ ನನಗ ಬರ್ತೈತಿ. ಏನ್ ಮಾಡಾಕತ್ತಿ ಹೇಳು."

ಎಡದಂಡೆ ಕಾಲುವೆ ಬರುವ ಮುಂಚಿನ ಸೀಮೆಯ ನೆನಪು ತನಗೆ ಬೇಕು ಎಂದ. ನೀರು ಬಂದಾಗ ಕಳೆದುಹೋದದ್ದೇನು, ಅದನ್ನು ಯಾರೂ ಹೇಳಿಲ್ಲ ಎಂದ. ನಾಗವೇಣಿ ನೆಲ ನೋಡುತ್ತ, ಹೇಳಲೋ ಬೇಡವೋ ಎಂಬಂತೆ ತಡೆದು, ಆಮೇಲೆ ಮೆಲ್ಲಗೆ ಕೇಳಿದಳು: "ಬೆಳವದಿನ್ನಿ ಹೆಸರು ಕೇಳೀಯೇನು?"

ಕೇಳಿರಲು ಸಾಧ್ಯವೇ ಇರಲಿಲ್ಲ. ಆ ಹೆಸರನ್ನು ಅವಳು ಬಸ್ಸಿನಲ್ಲಿ, ಮಸ್ಕಿ ದಾಟಿದ ಮೇಲೆ, ಕಿಟಕಿಯಾಚೆ ನೋಡುತ್ತ ಹುಟ್ಟಿಸಿದ್ದಳು.

ಬೆಳವದಿನ್ನಿಯನ್ನು ಕಟ್ಟುವ ಕೆಲಸ ಹಾಜಿರಾಬೀಯ ಅಂಗಳದಲ್ಲಿ ನಡೆಯಿತು. ಹಳೆಯ ನಾಟಿಯ ಗುಂಪಿನವರೆಲ್ಲ ಸೇರಿದರು. ಅವರಿಗೂ ತಮ್ಮದೇ ಸಿಟ್ಟಿತ್ತು. ಸಿದ್ದರಾಮನ ಆ ಚಿತ್ರದಲ್ಲಿ ಅವರೆಲ್ಲ ಸೀರೆ ಎತ್ತಿಕಟ್ಟಿ ಬಗ್ಗಿ ಸಸಿ ಹಚ್ಚುವುದನ್ನು ಮುಖ ಬಿಟ್ಟು ಹಿಂದಿನಿಂದಷ್ಟೇ ತೋರಿಸಿದ್ದ. "ನಮಗ ತೋರ್ಸಾಕ ಮಾರಿ ಇದ್ದಿದ್ದಿಲ್ಲೇನು?" ಎಂದು ಮಾಸುಂಬಿ ಕೇಳಿದಳು. ಸಣ್ಣ ವಯಸ್ಸಿನ, ಜೋರು ನಾಲಿಗೆಯ ಹೆಂಗಸು; ಆ ಚಿತ್ರದ ತುಣುಕು ಅವಳ ಗಂಡನ ಫೋನಿಗೂ ಬಂದಿತ್ತು.

ಊರನ್ನು ನಾಗವೇಣಿ ಹುಟ್ಟಿಸಿದಳು; ಅದಕ್ಕೆ ಜೀವ ತುಂಬಿದವರು ಇವರು. ಬೆಳವದಿನ್ನಿ ಕಾಲುವೆಯ ಹಾದಿಯಲ್ಲೇ ಇತ್ತು. ಅಗೆಯುವವರು ಬಂದಾಗ ಗಂಡಸರು ಬಾಗಿಲ ಚೌಕಟ್ಟು ಕಿತ್ತು ತಲೆಯ ಮೇಲೆ ಹೊತ್ತು ನಡೆದರು. ಹೆಂಗಸರು ಮಾತ್ರ ತಮ್ಮ ಬೀಸುವ ಕಲ್ಲುಗಳನ್ನು ಅಲ್ಲೇ ಬೋರಲು ಹಾಕಿ ಬಂದರು, ನೀರು ತಮ್ಮ ಹೆಸರು ಮರೆಯಬಾರದೆಂದು. ಬೇಸಿಗೆಯಲ್ಲಿ ಕಾಲುವೆ ಬತ್ತಿದಾಗ ಇಂದಿಗೂ ಮೊಮ್ಮಕ್ಕಳು ಇಳಿದು ಹೋಗಿ ಕಲ್ಲಿಗೆ ಕಿವಿ ಹಚ್ಚುತ್ತಾರೆ.

"ಕಿವಿ ಹಚ್ಚಿದ್ರ ಏನ್ ಕೇಳಿಸ್ತೈತಿ ಅನ್ಬೇಕು?" ಎಂದಳು ಮಾಸುಂಬಿ.

"ಬೀಸೋ ಸಪ್ಪಳ ಅನ್ನು. ಅಳು ಬಂದಂಗ ಮಾಡಿ ಅಲ್ಲೇ ನಿಲ್ಲಿಸು," ಎಂದಳು ಹಾಜಿರಾಬೀ. "ಪೂರ್ತಿ ಹೇಳಬ್ಯಾಡ. ಪೂರ್ತಿ ಹೇಳಿದ್ರ ಅವಗ ರುಚಿ ಹತ್ತಂಗಿಲ್ಲ."

ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಕ್ಕರು. ಟ್ರ್ಯಾಕ್ಟರಿನಲ್ಲಿ ಮನೆಮನೆಯ ಹಳೆಯ ಕಲ್ಲುಗಳನ್ನು ಹೇರಿಕೊಂಡು ಹೋಗಿ, ಬತ್ತಿದ ಕಾಲುವೆಯ ತಳದಲ್ಲಿ ಹೂತು, ಮೇಲೆ ಕೆಸರು ಮೆತ್ತಿದರು. ನಾಗವೇಣಿ ಅದನ್ನೆಲ್ಲ ತನ್ನ ಕ್ಯಾಮೆರಾದಲ್ಲಿ ಹಿಡಿದಳು. ನಗು, ತಪ್ಪು, ತಿದ್ದುಪಡಿ, ಯಾವುದನ್ನೂ ಬಿಡಲಿಲ್ಲ. ಎಲ್ಲರಿಗೂ ಮೊದಲೇ ಹೇಳಿ, ಎಲ್ಲರ ಒಪ್ಪಿಗೆ ಪಡೆದೇ ಹಿಡಿದಳು.

ಸಿದ್ದರಾಮ ಅದನ್ನು ಒಂದೇ ಗುಟುಕಿಗೆ ನುಂಗಿದ. ಬಿಸಿಲಿನಲ್ಲಿ ಕಾಲುವೆಗೆ ಇಳಿದು, ಕಲ್ಲಿಗೆ ಕಿವಿಯಿಟ್ಟು, ಕಣ್ಣು ಮುಚ್ಚಿ ಮಲಗಿದ. ದಂಡೆಯ ಮೇಲೆ ಹಾಜಿರಾಬೀ ಸೆರಗನ್ನು ಬಾಯಿಗೆ ತುರುಕಿಕೊಂಡಳು. ಅವಳು ಅಳುತ್ತಿದ್ದಾಳೆಂದು ಅವನು ತಿಳಿದ. "ಅತ್ತುಬಿಡ್ರಿ, ತಡಕೋಬ್ಯಾಡ್ರಿ" ಎಂದು ಕ್ಯಾಮೆರಾ ಅವಳ ಕಡೆ ತಿರುಗಿಸಿದ. ಅದನ್ನು ನೋಡುತ್ತ ನಿಂತ ನಾಗವೇಣಿಗೆ ನಗು ಬರಲಿಲ್ಲ. ತಾಯಿಯ ಎದುರು ಕೂತಾಗಲೂ ಅವನ ಮುಖ ಹೀಗೇ, ಕರುಣೆಯಿಂದ ಒದ್ದೆಯಾಗಿ, ಹಸಿದು ಇದ್ದಿರಬೇಕು ಎನಿಸಿತು.

ಪ್ರದರ್ಶನದ ಸಂಜೆ ಜಿನ್ನಿನ ಮುಂದೆ ಕಾರುಗಳು ಸಾಲುಗಟ್ಟಿದವು. ದಿಲ್ಲಿಯಿಂದ ಒಬ್ಬ ಹಿರಿಯ ಹೆಂಗಸು ಬಂದಿದ್ದಳು. ದೇಶವಿದೇಶಗಳಲ್ಲಿ ಇಂಥ ಪ್ರದರ್ಶನಗಳಿಗೆ ಕಲಾವಿದರನ್ನು ಆರಿಸುವವಳು. ಬೆಂಗಳೂರಿನ ಕಲಾವಿದರು, ಪತ್ರಕರ್ತರು, ಊರಿನ ಕಾಲೇಜಿನ ಮೇಷ್ಟ್ರುಗಳು ಬಂದಿದ್ದರು. ಮುಂದಿನ ಸಾಲಿನಲ್ಲಿ ಸಿದ್ದರಾಮನ ತಾಯಿ ಅಮರೇಶ್ವರಿ ಇಸ್ತ್ರಿ ಮಾಡಿದ ಇಳಕಲ್ ಸೀರೆಯುಟ್ಟು ನೆಟ್ಟಗೆ ಕೂತಿದ್ದಳು. ಗಂಡ ಸತ್ತ ಮೇಲೆ ಅಂಗನವಾಡಿ ನಡೆಸಿ ಮಗನನ್ನು ಓದಿಸಿದಾಕೆ.

ಜವಳಗೇರಾದ ಹೆಂಗಸರು ಟೆಂಪೋದಲ್ಲಿ ಬಂದಿಳಿದರು. ಅವರ ನಡುವೆ ತಲೆ ತುಂಬ ಸೆರಗು ಹೊದ್ದ ಒಬ್ಬಾಕೆಯನ್ನು ಕಂಡು ನಾಗವೇಣಿ ಓಡಿಬಂದಳು. ಹಾಜಿರಾಬೀ ಅವಳ ಕಿವಿಯಲ್ಲಿ ಹೇಳಿದಳು: "ಮಸ್ಕ್ಯಾಗ ಗಾಡಿ ನಿಲ್ಲಿಸಿ ಎಳಕೊಂಡು ಬಂದೀನಿ. ಮಗಳು ಆಕಿ ಸಲುವಾಗಿ ಏನು ಮಾಡ್ಯಾಳ ಅಂತ ಆಕಿ ನೋಡಬೇಕಿಲ್ಲೇನು?"

ಒಳಗೆ ನೆಲದ ಉದ್ದಕ್ಕೂ ಕಾಲುವೆಯಂತೆ ಮಣ್ಣು ತೋಡಿ ಬೀಸುವ ಕಲ್ಲುಗಳನ್ನು ಬೋರಲು ಹಾಕಿದ್ದರು. ಮೇಲಿನಿಂದ ಬಿಳಿ ಬಟ್ಟೆಗಳು ಇಳಿಬಿದ್ದಿದ್ದವು. ನಾಲ್ಕು ಮೂಲೆಗಳಿಂದ ಬೀಸುವ ಸಪ್ಪಳ, ಹೆಂಗಸರ ಬಿಕ್ಕು. ಸಿದ್ದರಾಮ ಮೈಕು ಹಿಡಿದು, ದಾಖಲೆಗಳು ಅಳಿಸಿದ ಊರೊಂದನ್ನು ತಾನು ಜನರ ಕಣ್ಣೀರಿನಲ್ಲಿ ಕಂಡುಹಿಡಿದೆ ಎಂದು ಹೇಳಿದ. ದಿಲ್ಲಿಯ ಹೆಂಗಸು ಕನ್ನಡಕ ತೆಗೆದು ಕಣ್ಣೊರೆಸಿಕೊಂಡಳು.

ನಾಗವೇಣಿ ಪ್ರೊಜೆಕ್ಟರಿನ ಹಿಂದಿದ್ದಳು. ಅವನ ಮಾತು ಮುಗಿಯುವ ತನಕ ಬಿಟ್ಟಳು. ಆಮೇಲೆ ನಡುವಿನ ದೊಡ್ಡ ಬಟ್ಟೆಯ ಮೇಲೆ ತನ್ನ ಚಿತ್ರ ಬಿಟ್ಟಳು.

ಹಾಜಿರಾಬೀಯ ಅಂಗಳ ಬಂತು. "ಪೂರ್ತಿ ಹೇಳಿದ್ರ ಅವಗ ರುಚಿ ಹತ್ತಂಗಿಲ್ಲ." ಟ್ರ್ಯಾಕ್ಟರಿನಿಂದ ಕಲ್ಲು ಇಳಿಯಿತು. ಮಾಸುಂಬಿ ಕೆಸರು ಮೆತ್ತುತ್ತ, "ಹಳೇದು ಕಾಣಬೇಕಲ್ಲ, ಇನ್ನೊಂದೀಟು ಹಚ್ಚು" ಎಂದಳು. ಹೆಂಗಸರ ಸಾಲಿನಲ್ಲಿ ಮೊದಲು ಒಬ್ಬಳು ಕಿಸಕ್ಕೆಂದಳು, ಆಮೇಲೆ ಎಲ್ಲರೂ ನಕ್ಕರು. ಊರಿನ ಮೇಷ್ಟ್ರುಗಳಿಗೆ ವಿಷಯ ಹೊಳೆದು ಗುಸುಗುಸು ಎದ್ದಿತು. ಸಿದ್ದರಾಮನ ಮುಖ ಬೂದಿಯಾಯಿತು. ಇಷ್ಟು ವರ್ಷ ಕಾದ ಗಳಿಗೆಯನ್ನು ನಾಗವೇಣಿ ಕಣ್ಣು ಮಿಟುಕಿಸದೆ ನೋಡಿದಳು.

ಆದರೆ ದಿಲ್ಲಿಯ ಹೆಂಗಸು ಪಕ್ಕದ ಮೇಷ್ಟ್ರಿಂದ ಅರ್ಥ ಕೇಳಿಕೊಂಡು, ಎದ್ದು ನಿಂತು ಚಪ್ಪಾಳೆ ತಟ್ಟಿದಳು. ಅದ್ಭುತ, ಇದು ಇನ್ನೂ ಅದ್ಭುತ ಎಂದಳು. ನೆನಪನ್ನು ಹೇಗೆ ಕಟ್ಟುತ್ತೇವೆ ಎಂಬುದನ್ನು ಕಲಾವಿದ ತನ್ನ ಕೆಲಸದೊಳಗೇ ಬಿಚ್ಚಿಟ್ಟಿದ್ದಾನೆ ಎಂದಳು. ಪಕ್ಕದವರೂ ತಟ್ಟಿದರು. ಮುಳುಗುವವನಿಗೆ ಹಗ್ಗ ಸಿಕ್ಕಿತು. ಸಿದ್ದರಾಮ ತುಟಿ ಒರೆಸಿಕೊಂಡು, "ಹೌದು, ಇದು ನಾನೂ ಈ ತಾಯಂದಿರೂ ಕೂಡಿ ಆಡಿದ ಆಟ" ಎಂದ.

"ಸುಳ್ಳು!" ಎಂದು ನಾಗವೇಣಿ ಕೂಗಿದಳು. ಚಪ್ಪಾಳೆಯ ಗದ್ದಲದಲ್ಲಿ ಅದು ಯಾರಿಗೂ ಕೇಳಿಸಲಿಲ್ಲ. ಅವಳು ತೋಡಿದ ಗುಂಡಿಯನ್ನೇ ಮೆಟ್ಟಿಲು ಮಾಡಿಕೊಂಡು ಅವನು ಮೇಲೇರುತ್ತಿದ್ದ. ಅವಳ ಕೈಯಲ್ಲಿ ಇನ್ನೇನೂ ಉಳಿದಿರಲಿಲ್ಲ.

ಆಗ ಆದೆಮ್ಮ ಎದ್ದಳು. ಕಲ್ಲುಗಳನ್ನು ದಾಟಿಕೊಂಡು ನಡೆದು ಬಟ್ಟೆಯ ಮುಂದೆ ನಿಂತಳು. ನಗುವ ಹೆಂಗಸರ ಚಿತ್ರ ಅವಳ ಸೀರೆಯ ಮೇಲೆ ಹರಿದಾಡಿತು. ಸೆರಗು ಹಿಂದಕ್ಕೆ ಸರಿಸಿದಳು. ಆ ಕೆಸರಿನ ಸಭಾಂಗಣದಲ್ಲಿ ಆ ಮುಖ ನೋಡಿದ್ದವರು ಅಲ್ಲಿ ಕೆಲವರಿದ್ದರು. ಅವರ ಚಪ್ಪಾಳೆ ಮೊದಲು ನಿಂತಿತು.

"ತಮ್ಮಾ ಸಿದ್ದರಾಮ, ಗುರುತು ಸಿಕ್ತೇನು?"

"ಚಿಗವ್ವಾ..."

"ಇವರು ಹೇಳಿದ್ದು ಸುಳ್ಳು ಅಂತ ನಿನಗ ಮೊದ್ಲ ಗೊತ್ತಿತ್ತಂತ. ಇರಲಿ. ನಾ ಹೇಳಿದ್ದು ಖರೇ ಅಂತ ಗೊತ್ತಿತ್ತೋ ಇಲ್ಲೋ?"

"ಗೊತ್ತಿತ್ತು."

"ಅದನ್ನ ಹೇಳೂ ಮುಂಚೆ ನಿನಗ ಏನಂದೆ?"

ಅವನು ಮೈಕನ್ನು ಬಾಯಿಂದ ಕೆಳಗಿಳಿಸಿದ. ಕಾಲೇಜಿನ ಮೇಷ್ಟ್ರೊಬ್ಬರು ದಿಲ್ಲಿಯ ಹೆಂಗಸಿಗೆ ಪ್ರತಿ ಮಾತನ್ನೂ ತಿರುಗಿಸಿ ಹೇಳುತ್ತಿದ್ದರು.

"ಮೈಕಿನ್ಯಾಗ ಹೇಳು," ಎಂದಳು ಆದೆಮ್ಮ. ದನಿ ಏರಿರಲಿಲ್ಲ. "ನಂದು ಅಷ್ಟು ಮಂದಿ ಕೇಳ್ಯಾರ. ನಿಂದು ಇಷ್ಟು ಮಂದಿ ಕೇಳಲಿ."

ಮುಂದಿನ ಸಾಲಿನಿಂದ ಅಮರೇಶ್ವರಿ ಕೇಳಿದಳು: "ಏನಂದಿದ್ದಳೋ? ಹೇಳು."

"ಬಂದ್ ಮಾಡು ಅಂದಿದ್ರು."

"ನೀ ಏನ್ ಮಾಡಿದಿ?"

"ಮಾಡಲಿಲ್ಲ."

ಮೂಲೆಯ ಸ್ಪೀಕರುಗಳೆಲ್ಲ ಆ ಮೈಕಿಗೇ ಜೋಡಿಸಿದ್ದವು. ನಾಲ್ಕೂ ಕಡೆಯಿಂದ ಅವನ ದನಿ ಒಂದರ ಹಿಂದೆ ಒಂದು ಮಾಡಲಿಲ್ಲ, ಮಾಡಲಿಲ್ಲ ಎಂದು ತಗಡಿನ ಕೆಳಗೆ ಸುತ್ತಿತು. ನಾಗವೇಣಿ ಸ್ಪೀಕರುಗಳ ದನಿಯನ್ನು ಇನ್ನಷ್ಟು ಏರಿಸಿದಳು.

"ಆಕಿ ಒಪ್ಪ್ಯಾಳ ಅಂತ ನನ್ನ ಕೈ ಹಿಡಿದು ಹೇಳಿದ್ದೆಲ್ಲೋ," ಎಂದಳು ಅಮರೇಶ್ವರಿ. ಎದ್ದು ಬಂದು ಆದೆಮ್ಮನಿಗೆ ಕೈ ಮುಗಿದಳು. ಮಗನ ಕಡೆ ತಿರುಗಿಯೂ ನೋಡದೆ ಹೊರಟುಹೋದಳು. ದಿಲ್ಲಿಯ ಹೆಂಗಸು ಸಿದ್ದರಾಮನನ್ನು ಏನೋ ಕೇಳಿದಳು, ಅವನು ತಾಯಿ ಹೋದ ಬಾಗಿಲನ್ನೇ ನೋಡುತ್ತಿದ್ದ. ಆಕೆಯೂ ತನ್ನ ಚೀಲ ತೆಗೆದುಕೊಂಡಳು.

ಮುಂದಿನ ವಾರಗಳಲ್ಲಿ ಸುದ್ದಿ ಎಲ್ಲ ಕಡೆ ಹರಡಿತು. ಅವನಿಗೆ ಸಿಗಬೇಕಿದ್ದ ವಿದೇಶದ ಅವಕಾಶ ತಪ್ಪಿತು. ಹಳೆಯ ಚಿತ್ರವನ್ನು ಇನ್ನು ಯಾರೂ ತೋರಿಸುವುದಿಲ್ಲವೆಂದು ಪ್ರದರ್ಶನದವರು ತಿಳಿಸಿದರು. ಲಿಂಗಸುಗೂರಿನಲ್ಲಿ ಅಮರೇಶ್ವರಿ ಮಗನಿಗೆ ಅನ್ನ ಹಾಕುತ್ತಾಳೆ, ಮಾತಾಡುವುದಿಲ್ಲ ಎಂದು ಜನ ಹೇಳಿದರು. ಕೇಳಿ ನಾಗವೇಣಿ ಹಿಗ್ಗಿದಳು.

ಒಂದು ಮಧ್ಯಾಹ್ನ ಅವನು ಸ್ಟುಡಿಯೋಕ್ಕೆ ಬಂದ. ಗಡ್ಡ ಬೆಳೆದಿತ್ತು. ಒಂದು ಹಾರ್ಡ್ ಡಿಸ್ಕನ್ನು ಮೇಜಿನ ಮೇಲಿಟ್ಟ.

"ಚಿಗವ್ವಂದು ಮೂಲ ವಿಡಿಯೋ ಇದರಾಗ ಐತಿ. ಬ್ಯಾರೆ ಕಡೆ ಎಲ್ಲಾ ಅಳಿಸೀನಿ. ಇದನ್ನ ನಿನ್ನ ಕೈಯಾಗ ಅಳಿಸು. ನನ್ನ ಕ್ಷಮಿಸು ನಾಗೀ."

ಅವಳು ಡಿಸ್ಕನ್ನು ಕಂಪ್ಯೂಟರಿಗೆ ಹಚ್ಚಿದಳು. ತಾಯಿಯ ಹೆಸರಿನ ಫೋಲ್ಡರ್ ಒಂದಿತ್ತು. ಅದರ ಸುತ್ತ ಬೇರೆ ಊರು, ಬೇರೆ ಜನ, ಅವನ ಇಷ್ಟು ವರ್ಷಗಳ ದುಡಿಮೆಯೆಲ್ಲ ಇತ್ತು. ಇಡೀ ಡಿಸ್ಕನ್ನು ಖಾಲಿ ಮಾಡುವ ಆಯ್ಕೆಯ ಮೇಲೆ ಅವಳು ಬೆರಳಿಟ್ಟಳು.

"ಅದೊಂದ ಫೋಲ್ಡರ್ ನಾಗೀ. ಉಳಿದಿದ್ದಕ್ಕ ನನ್ನ ಹತ್ರ ಬ್ಯಾರೆ ಕಾಪಿ ಇಲ್ಲ."

"ಇಲ್ಲೇನು?"

"ಖರೇನ ಇಲ್ಲ. ಅದರಾಗ ಸತ್ತವರೂ ಅದಾರ. ಬಂದ್ ಮಾಡು, ಕೈ ಮುಗೀತೀನಿ."

ಅವಳು ಅವನ ಮುಖ ನೋಡುತ್ತಲೇ ಒತ್ತಿದಳು. ಪರದೆಯ ಮೇಲೆ ನೀಲಿ ಗೆರೆ ಮೆಲ್ಲಗೆ ತುಂಬತೊಡಗಿತು. ಅವನು ಕುರ್ಚಿಯಲ್ಲಿ ಕೂತು, ಅದು ತುದಿ ಮುಟ್ಟುವ ತನಕ ನೋಡಿದ. ಅವಳು ಖಾಲಿ ಡಿಸ್ಕನ್ನು ಅವನ ಕೈಗೆ ಕೊಟ್ಟು, "ಬಾಗಲಾ ಮುಂದ ಮಾಡ್ಕೊಂಡು ಹೋಗು, ಧೂಳು ಬರ್ತೈತಿ" ಎಂದಳು. ಅಂದು ಊಟ ಅವಳಿಗೆ ಬಹಳ ದಿನಗಳ ಮೇಲೆ ರುಚಿಸಿತು.

ರವಿವಾರ ಮಸ್ಕಿಗೆ ಹೋಗಿ ತಾಯಿಗೆ ಎಲ್ಲವನ್ನೂ ಹೇಳಿದಳು. ಆದೆಮ್ಮ ಹೊಸ ಸೀರೆಯ ಮಡಿಕೆ ಬಿಚ್ಚುತ್ತ ಕೇಳಿಸಿಕೊಂಡಳು. ಶಾಬಾಸ್ ಅನ್ನಲಿಲ್ಲ, ಬೈಯಲೂ ಇಲ್ಲ.

"ಕ್ಯಾಂಪಿನಿಂದ ಆ ತಾಯಿ ಹೇಳಿ ಕಳಿಸ್ಯಾಳ," ಎಂದಳು. "ಸುಬಲನ್ನ ಬೆಳೆಸಿದಾಕಿ. ಒಮ್ಮಿ ಬಂದು ಹೋಗು ಅಂದಾಳ. ನಾಳೆ ಹೊಂಟೀನಿ."

"ಯಾಕಂತ? ಮತ್ತ ಬೈಯಾಕೇನು?"

"ಬೈದ್ರ ಬೈಸ್ಕೊಂಡು ಬರ್ತೀನಿ."

"ನಾನೂ ಬರ್ತೀನಿ."

"ನೀ ಬರಬ್ಯಾಡ."

"ಯಾಕಬೇ? ಇಷ್ಟೆಲ್ಲಾ ನಿನ್ನ ಸಲುವಾಗಿ ಮಾಡೀನಿ."

ಆದೆಮ್ಮ ಸೀರೆಯ ಸೆರಗನ್ನು ಬೆಳಕಿಗೆ ಹಿಡಿದು ಬಣ್ಣ ನೋಡಿದಳು. "ಮಾಡಿದಿ. ಇಲ್ಲ ಅನ್ನಂಗಿಲ್ಲ. ಆದ್ರ ಅಲ್ಲಿ ಹೋದಾಗ ನೀ ಮತ್ತ ಯಾರ ಮ್ಯಾಲರ ಸಿಟ್ಟಾಗ್ತಿ. ನನಗ ಅಲ್ಲಿ ಮೆತ್ತಗ ಕುಂದ್ರೋದೈತಿ."

ಮರುದಿನ ನಾಗವೇಣಿ ತಾಯಿಯನ್ನು ಸಿಂಧನೂರಿನ ತನಕ ಬಸ್ಸಿನಲ್ಲಿ ಕರೆತಂದು, ಕ್ಯಾಂಪಿಗೆ ಹೋಗುವ ಆಟೋ ಹತ್ತಿಸಿದಳು. ಆದೆಮ್ಮ ಉಳಿದ ಹೆಂಗಸರ ನಡುವೆ ಒತ್ತಿಕೊಂಡು ಕೂತು, ಪಕ್ಕದವಳ ಕೂಸನ್ನು ತೊಡೆಯ ಮೇಲೆ ಎತ್ತಿಕೊಂಡಳು. ಆಟೋ ಹೊರಟಿತು. ನಾಗವೇಣಿ ರಸ್ತೆಯ ಬದಿಯಲ್ಲೇ ನಿಂತಳು. ಮಾಡಿದ್ದಕ್ಕೆ ಅವಳಿಗೆ ಈಗಲೂ ಪಶ್ಚಾತ್ತಾಪವಿರಲಿಲ್ಲ. ಸಿಟ್ಟು ಮಾತ್ರ ಇನ್ನೂ ಹಾಗೇ ಇತ್ತು. ಅದನ್ನು ಇನ್ನು ಯಾರ ಮೇಲೆ ಹಾಕುವುದೆಂದು ತಿಳಿಯದೆ ಅವಳು ಸ್ಟುಡಿಯೋದ ಕಡೆ ನಡೆದಳು.